ತೆರೆಯ ಮೇಲಣ ಮನೆಗಳು

ವಾಚಕ ಮಹಾಶಯರು ಈ ಲೇಖನವನ್ನು ಓದುವುದಕ್ಕೆ ಮೊದಲು ಒಮ್ಮೆ ತಲೆಯೆತ್ತಿ ತಮ್ಮ ಮನೆಯ ಪಡಸಾಲೆಯ ಗೋಡೆಯನ್ನು ನೋಡಬೇಕೆಂದು ಬೇಡುತ್ತೇನೆ. ಹಿರಿಯರು ದಿನವೂ ಒರಗಿ ಕುಳಿತುಕೊಳ್ಳುವ ಸ್ಥಳದಲ್ಲಿ ತಲೆಯೆಣ್ಣೆಯ ಕಲೆಯೊಂದು ಇದ್ದೇ ಇರುತ್ತದೆ. ದೇವರ ಗೂಡಿನ ಮೇಲ್ಗಡೆ ದೀಪದ ಹೊಗೆ ಹತ್ತಿ ಕಪ್ಪಾಗಿರುತ್ತದೆ. ಬಾಗಿಲ ಚೌಕಟ್ಟಿನಲ್ಲಿ, ಕೈ ತಾಗುವ ಎತ್ತರದಲ್ಲಿ ಮಾತ್ರ, ಬಣ್ಣವು ಸವೆದು ಮರವು ನುಣುಪಾಗಿರುತ್ತದೆ. ಹಳೆಯ ಕ್ಯಾಲೆಂಡರನ್ನು ತೆಗೆದ ಕಡೆಯಲ್ಲಿ ಸುಣ್ಣವು ಸುತ್ತಲಿನದಕ್ಕಿಂತ ಬೆಳ್ಳಗೆ, ಚೌಕವಾಗಿ ಉಳಿದಿರುತ್ತದೆ. ಇವನ್ನೆಲ್ಲ ಯಾರೂ ಬೇಕೆಂದು ಮಾಡಿದವರಲ್ಲ. ಮೂವತ್ತು ನಾಲ್ವತ್ತು ವರ್ಷ ಜನರು ಅಲ್ಲಿ ಬಾಳಿದ್ದರಿಂದ ತಾನಾಗಿ ಆದದ್ದು. ದೀಪಾವಳಿಗೆ ಸುಣ್ಣ ಹೊಡೆಯಿಸುವಾಗ ನಾವು ಇವುಗಳನ್ನು ಕಂಡು ಬೇಸರಿಸುತ್ತೇವೆಯೇ ಹೊರತು ಬೇರೆ ಲಕ್ಷ್ಯವನ್ನು ಕೊಡುವುದಿಲ್ಲ.

ಇಂಥ ಕಲೆಗಳನ್ನೇ ಕಣ್ಣಿಟ್ಟು ನೋಡಿ, ಮನಸ್ಸಿನಲ್ಲಿ ಸಂಗ್ರಹಿಸಿಟ್ಟುಕೊಂಡು, ಮೊನ್ನೆ ಕಟ್ಟಿದ ಹುಸಿಗೋಡೆಗೆ ನಾಲ್ವತ್ತು ವರ್ಷದ ಬಾಳನ್ನು ತಂದುಕೊಟ್ಟ ಕಲಾವಿದರೊಬ್ಬರ ವಿಷಯವನ್ನು ಹೇಳಬೇಕೆಂದಿದ್ದೇನೆ. ಅವರ ಹೆಸರು ಬಂಸಿ ಚಂದ್ರಗುಪ್ತ. ಸತ್ಯಜಿತ್ ರಾಯರ ‘ಪಥೇರ್ ಪಾಂಚಾಲಿ’ಯನ್ನು ನೋಡಿದವರು ನಮ್ಮಲ್ಲಿ ಸಾಕಷ್ಟು ಮಂದಿ ಇದ್ದಾರೆ, ಅಪು ದುರ್ಗೆಯರ ಹೆಸರನ್ನು ಬಲ್ಲವರು ಇನ್ನೂ ಹೆಚ್ಚು. ಆದರೆ ಆ ಮಕ್ಕಳು ಆಡಿ ಬೆಳೆದ ಮುರುಕುಮನೆಯನ್ನು ನಾವು ನಂಬುವಂತೆ ಮಾಡಿದವರು ಯಾರೆಂದು ಕೇಳಿದರೆ ಬಹುಮಂದಿ ಸುಮ್ಮನಾಗುವರು. ಅವರನ್ನು ದೂರಿ ಫಲವಿಲ್ಲ. ಈ ಕಸುಬಿನ ಸ್ವಭಾವವೇ ಹಾಗೆ. ಕೆಲಸವು ಕೆಟ್ಟರೆ ಮಕ್ಕಳ ಕಣ್ಣಿಗೂ ಬೀಳುತ್ತದೆ. ಚೆನ್ನಾಗಿ ಆದರೆ ಅಲ್ಲೊಂದು ಕೆಲಸ ನಡೆದಿದೆಯೆಂಬುದೇ ಯಾರಿಗೂ ತಿಳಿಯುವುದಿಲ್ಲ.

ನಟನು ಮಾತನಾಡುತ್ತಾನೆ, ಛಾಯಾಗ್ರಾಹಕನು ಕ್ಯಾಮೆರಾವನ್ನು ನಡೆಸುತ್ತಾನೆ, ನಿರ್ದೇಶಕನು ಇವರೆಲ್ಲರನ್ನೂ ನಡೆಸುತ್ತಾನೆ ಎಂಬುದು ಸರ್ವರಿಗೂ ತಿಳಿದ ಸಂಗತಿ. ಇವರು ನಿಂತು ಆಡುವ ಲೋಕವನ್ನು, ಎಂದರೆ ಮನೆ, ಬೀದಿ, ಮಂಚ, ಮೇಜು, ಗೋಡೆಯ ಬಣ್ಣ, ಮೂಲೆಯಲ್ಲಿರುವ ಕೊಡ, ಇವೆಲ್ಲವನ್ನೂ ಏರ್ಪಡಿಸುವವನು ಕಲಾನಿರ್ದೇಶಕ. ಅಮೆರಿಕದಲ್ಲಿ ೧೯೩೯ರ ‘ಗಾನ್ ವಿತ್ ದಿ ವಿಂಡ್’ ಎಂಬ ಚಿತ್ರಕ್ಕಾಗಿ ದುಡಿದ ವಿಲಿಯಂ ಕ್ಯಾಮೆರಾನ್ ಮೆಂಜೀಸ್ ಎಂಬವರ ಕಾರ್ಯದ ವಿಸ್ತಾರವನ್ನು ಕಂಡು, ಹಳೆಯ ಹೆಸರು ಅದಕ್ಕೆ ಸಾಲದೆಂದು, ‘ಪ್ರೊಡಕ್ಷನ್ ಡಿಸೈನರ್’ ಎಂಬ ಹೊಸ ಹೆಸರನ್ನೇ ಅವರಿಗಾಗಿ ಬಳಕೆಗೆ ತಂದರು. ನಮ್ಮ ದೇಶದಲ್ಲಿ ಬಹುಕಾಲ ‘ಆರ್ಟ್ ಡೈರೆಕ್ಟರ್’ ಎಂಬುದೇ ನಡೆಯಿತು. ಹೆಸರು ಯಾವುದಾದರೇನು, ಕೆಲಸವು ಒಂದೇ.

ಭಾರತದ ಚಲಚ್ಚಿತ್ರವು ನಾಟಕದ ಮಡಿಲಲ್ಲಿ ಬೆಳೆದ ಕೂಸು. ದಾದಾಸಾಹೇಬ್ ಫಾಲ್ಕೆಯವರು ೧೯೧೩ರಲ್ಲಿ ‘ರಾಜಾ ಹರಿಶ್ಚಂದ್ರ’ವನ್ನು ಹೊರತಂದಾಗ ನಟರು ಬರೆದ ಪರದೆಗಳ ಮುಂದೆ ನಿಂತು ಅಭಿನಯಿಸಿದರು. ನಮ್ಮ ಗುಬ್ಬಿ ವೀರಣ್ಣನವರ ಕಂಪೆನಿಯ ನಾಟಕಗಳನ್ನು ನೋಡಿದ್ದ ಹಿರಿಯರ ಬಾಯಿಂದ ಇಂತಹ ಪರದೆಗಳ ವರ್ಣನೆಯನ್ನು ನಾವೆಲ್ಲ ಕೇಳಿದ್ದೇವೆ: ಅರಮನೆಯ ಪರದೆ, ಕಾಡಿನ ಪರದೆ, ಬೀದಿಯ ಪರದೆ. ರಂಗದ ಮೇಲೆ ಅದು ಸಲ್ಲುತ್ತದೆ, ಸೊಗಸೂ ಆಗಿರುತ್ತದೆ. ನೋಡುವವನು ದೂರದಲ್ಲಿ ಕುಳಿತಿರುತ್ತಾನೆ; ಇದು ನಾಟಕವೆಂಬ ಒಪ್ಪಂದವನ್ನು ಮಾಡಿಕೊಂಡೇ ಟಿಕೀಟು ಕೊಂಡಿರುತ್ತಾನೆ. ಕ್ಯಾಮೆರಾ ಹಾಗಲ್ಲ. ಅದು ಎದ್ದುಹೋಗಿ ಗೋಡೆಗೆ ಮೂಗು ತಾಗಿಸಿ ನೋಡುತ್ತದೆ. ಆದಾಗ್ಯೂ ೧೯೪೦ರ ದಶಕದ ಸ್ಟುಡಿಯೋಗಳಲ್ಲಿ ಹಲಗೆಗೂ ಬಟ್ಟೆಗೂ ಬಣ್ಣ ಬಳಿದು ನಿಲ್ಲಿಸಿದ ಕೋಣೆಗಳೇ ರೂಢಿಯಲ್ಲಿದ್ದವು. ಬಡವನ ಗುಡಿಸಿಲೂ ನಿನ್ನೆ ತೊಳೆದಿಟ್ಟಂತೆ ಥಳಥಳಿಸುತ್ತಿತ್ತು.

ಚಂದ್ರಗುಪ್ತರು ಹುಟ್ಟಿದ್ದು ೧೯೨೪ರಲ್ಲಿ, ಆಗ ಅವಿಭಕ್ತ ಪಂಜಾಬಿಗೆ ಸೇರಿದ್ದ ಸಿಯಾಲ್‌ಕೋಟ್ ನಗರದಲ್ಲಿ, ಬೆಳೆದದ್ದು ಕಾಶ್ಮೀರದಲ್ಲಿ. ಚಿತ್ರಕಾರ ಶುಭೋ ಠಾಕೂರರ ಪ್ರೇರಣೆಯಿಂದ, ತಾವೂ ಚಿತ್ರಕಾರರಾಗಬೇಕೆಂಬ ಹಂಬಲವನ್ನು ಹೊತ್ತು, ಕಲಕತ್ತೆಗೆ ಬಂದರು. ಬಣ್ಣದ ಕುಂಚವನ್ನು ನಂಬಿ ಬಂದವರಿಗೆ ಅನ್ನ ಸಿಕ್ಕಿದ್ದು ಚಿತ್ರಶಾಲೆಗಳಲ್ಲಿ. ಆದರೆ ಅಲ್ಲಿ ಕಟ್ಟುತ್ತಿದ್ದ ಕೋಣೆಗಳನ್ನು ಕಂಡು ಅವರ ಮನಸ್ಸು ಒಗ್ಗಲಿಲ್ಲ.

ಹೀಗೆ ಒಗ್ಗದ ಮನಸ್ಸಿನವರು ಆಗ ಕಲಕತ್ತೆಯಲ್ಲಿ ಇನ್ನೂ ಕೆಲವರಿದ್ದರು. ಜಾಹೀರಾತಿನ ಕಚೇರಿಯೊಂದರಲ್ಲಿ ಚಿತ್ರ ಬರೆಯುತ್ತಿದ್ದ ಸತ್ಯಜಿತ್ ರಾಯರು, ಲೇಖಕ ಚಿದಾನಂದ ದಾಸಗುಪ್ತರು ಮತ್ತು ಇತರ ಮಿತ್ರರು ಕೂಡಿ ೧೯೪೭ರಲ್ಲಿ ‘ಕಲಕತ್ತಾ ಫಿಲ್ಮ್ ಸೊಸೈಟಿ’ಯನ್ನು ಹುಟ್ಟುಹಾಕಿದರು. ಚಂದ್ರಗುಪ್ತರು ಮೊದಲಿನಿಂದಲೂ ಆ ಗೋಷ್ಠಿಯವರು. ದೇಶ ವಿದೇಶದ ಚಿತ್ರಗಳನ್ನು ತರಿಸಿ ನೋಡುವುದು, ಬಳಿಕ ಅರ್ಧರಾತ್ರಿಯವರೆಗೆ ಅವುಗಳನ್ನು ಬಿಡಿಸಿ ಬಿಡಿಸಿ ಮಾತನಾಡುವುದು, ಇದು ಅವರ ವ್ರತ. ೧೯೫೦ರಲ್ಲಿ ರಾಯರು ಕಚೇರಿಯ ಕೆಲಸದ ನಿಮಿತ್ತ ಲಂಡನ್ನಿಗೆ ಹೋದಾಗ, ಅಲ್ಲಿ ಇಟಲಿಯ ‘ಬೈಸಿಕಲ್ ಥೀವ್ಸ್’ ಚಿತ್ರವನ್ನು ನೋಡಿ ಉಕ್ಕಿಬಂದ ಉತ್ಸಾಹವನ್ನು ಕಾಗದದಲ್ಲಿ ಬರೆದು ತಿಳಿಸಿದ್ದು ಈ ಗೆಳೆಯನಿಗೆ. ಆ ಚಿತ್ರದಲ್ಲಿ ನಿಜವಾದ ಬೀದಿಗಳು, ನಿಜವಾದ ಮನೆಗಳು, ನಟನಾ ವೃತ್ತಿಯನ್ನರಿಯದ ಸಾಮಾನ್ಯ ಜನರು. ಇಂಥ ಸುದ್ದಿಯನ್ನು ಸೆಟ್ಟು ಕಟ್ಟುವುದೇ ಕಸುಬಾದ ಮಿತ್ರನಿಗೆ ಬರೆಯುವುದೆಂದರೆ ಒಂದು ಬಗೆಯಲ್ಲಿ ಅವನ ಕಸುಬಿಗೇ ಸವಾಲು ಹಾಕಿದಂತೆ. ಚಂದ್ರಗುಪ್ತರು ಅದನ್ನು ಹಾಗೆಯೇ ಸ್ವೀಕರಿಸಿದರೆಂದು ಅವರ ಮುಂದಿನ ಕೆಲಸವು ತೋರಿಸುತ್ತದೆ.

ಅಷ್ಟರಲ್ಲಿ ಅವರಿಗೆ ಒಬ್ಬ ಗುರು ದೊರೆತಿದ್ದರು. ಫ್ರಾನ್ಸಿನ ಹೆಸರಾಂತ ನಿರ್ದೇಶಕ ಜ್ಯಾಂ ರೆನ್ವಾರ್ ‘ದಿ ರಿವರ್’ ಎಂಬ ಚಿತ್ರವನ್ನು ತೆಗೆಯಲು ಬಂಗಾಳಕ್ಕೆ ಬಂದರು. ಹೂಗ್ಲಿ ನದಿಯ ದಡದಲ್ಲಿ, ಬ್ಯಾರಕ್‌ಪುರದ ಬಳಿ, ಕೆಲಸ ನಡೆಯಿತು. ಚಿತ್ರದ ವಿನ್ಯಾಸಕಾರರು ಯೂಜೀನ್ ಲೂರಿಯೆ. ರೆನ್ವಾರರ ‘ಗ್ರಾಂಡ್ ಇಲ್ಯೂಷನ್’ ಮುಂತಾದ ಪ್ರಸಿದ್ಧ ಚಿತ್ರಗಳಿಗೆ ದುಡಿದವರು. ಚಂದ್ರಗುಪ್ತರು ಅವರ ಕೈಕೆಳಗೆ ಸಹಾಯಕರಾದರು. ‘ದಿ ರಿವರ್’ ೧೯೫೧ರಲ್ಲಿ ಹೊರಬಂದಿತು. ಸ್ಟುಡಿಯೋದಲ್ಲಿ ಹತ್ತು ವರ್ಷ ಹಲಗೆಗೆ ಬಣ್ಣ ಬಳಿದರೂ ಬಾರದ ವಿದ್ಯೆಯು, ಬಲ್ಲವನ ಪಕ್ಕದಲ್ಲಿ ಒಂದು ಋತು ನಿಂತರೆ ಬರುವುದುಂಟು.

ಬಳಿಕ ‘ಪಥೇರ್ ಪಾಂಚಾಲಿ’. ಆ ಚಿತ್ರವು ಸಿದ್ಧವಾದ ಕಥೆಯನ್ನು ಹಲವರು ಹಲವು ಸಲ ಹೇಳಿದ್ದಾರೆ. ನಾನು ನಮ್ಮ ವಿಷಯಕ್ಕೆ ಬೇಕಾದಷ್ಟನ್ನು ಮಾತ್ರ ಹೇಳುವೆನು. ೧೯೫೨ರ ಅಕ್ಟೋಬರಿನಲ್ಲಿ ಮೊದಲ ದಿನದ ಚಿತ್ರಣ. ರಾಯರಿಗೆ ನಿರ್ದೇಶನ ಹೊಸದು. ಛಾಯಾಗ್ರಾಹಕ ಸುಬ್ರತ ಮಿತ್ರರು ಅದಕ್ಕೆ ಮುಂಚೆ ಚಲಚ್ಚಿತ್ರದ ಕ್ಯಾಮೆರಾವನ್ನು ನಡೆಸಿದವರೇ ಅಲ್ಲ. ಇನ್ನೂ ಇಪ್ಪತ್ತೆರಡರ ತರುಣ. ಆ ಮೂವರಲ್ಲಿ ಸ್ಟುಡಿಯೋದ ಕಸುಬನ್ನು ಅಷ್ಟಿಷ್ಟು ಬಲ್ಲವರೆಂದರೆ ಇಪ್ಪತ್ತೆಂಟು ವರ್ಷದ ಚಂದ್ರಗುಪ್ತರು. ಕಲಕತ್ತೆಯ ಹೊರವಲಯದ ಬೋರಾಲ್ ಎಂಬ ಹಳ್ಳಿಯಲ್ಲಿ ಪಾಳುಬಿದ್ದ ಮನೆಯೊಂದು ದೊರೆಯಿತು. ಮನೆಯ ಯಜಮಾನರು ನಗರವಾಸಿ. ತಿಂಗಳಿಗೆ ಐವತ್ತು ರೂಪಾಯಿ ಬಾಡಿಗೆ.

ಮನೆಯು ಮೊದಲೇ ಪಾಳುಬಿದ್ದಿದ್ದರೆ ಕಲಾನಿರ್ದೇಶಕನಿಗೆ ಅಲ್ಲಿ ಏನು ಕೆಲಸವೆಂದು ಯಾರಾದರೂ ಕೇಳಿಯಾರು. ಪಾಳಾಗಿದ್ದರೆ ಸಾಲದು, ಹರಿಹರನೆಂಬ ಬಡ ಪುರೋಹಿತನೂ, ಸರ್ವಜಯೆಯೆಂಬ ಗೃಹಿಣಿಯೂ, ಎರಡು ಮಕ್ಕಳೂ, ಹಲ್ಲಿಲ್ಲದ ಒಬ್ಬ ಅಜ್ಜಿಯೂ ಬಾಳುತ್ತಿರುವ ಪಾಳುಮನೆಯಾಗಬೇಕು. ಜನರಿಲ್ಲದೆ ಹಾಳಾದ ಮನೆ ಬೇರೆ. ಜನರಿದ್ದೂ, ದುರಸ್ತಿಗೆ ಹಣವಿಲ್ಲದೆ ಹಾಳಾಗುತ್ತಿರುವ ಮನೆ ಬೇರೆ. ಮೊದಲನೆಯದರಲ್ಲಿ ಹುಲ್ಲು ಎಲ್ಲೆಲ್ಲಿಯೂ ಬೆಳೆಯುತ್ತದೆ. ಎರಡನೆಯದರಲ್ಲಿ ಕಾಲು ನಡೆದಾಡುವ ದಾರಿಯನ್ನು ಬಿಟ್ಟು ಬೆಳೆಯುತ್ತದೆ. ಒಲೆಯ ಮುಂದಿನ ನೆಲವು ಸಾರಿಸಿ ಸಾರಿಸಿ ಹೊಳಪೇರಿರುತ್ತದೆ. ಅದೇ ಅಂಗಳದ ಗೋಡೆ ಕುಸಿದಿದ್ದರೂ ಕೇಳುವವರಿರುವುದಿಲ್ಲ. ಹೆಂಗಸಿನ ಕೈಯಿಂದಾಗುವ ಕೆಲಸ ಆಗಿರುತ್ತದೆ, ಗಂಡಸಿನ ಹಣದಿಂದಾಗಬೇಕಾದ ಕೆಲಸ ನಿಂತಿರುತ್ತದೆ. ಚಿತ್ರವನ್ನು ಇನ್ನೊಮ್ಮೆ ನೋಡುವ ಗೃಹಿಣಿಯರು ಈ ಒಂದು ಅಂಶವನ್ನು ಗಮನಿಸಬೇಕು. ಸರ್ವಜಯೆಯ ಮಾನವೆಲ್ಲ ಆ ಅಂಗಳದಲ್ಲಿ ಕಾಣುತ್ತದೆ.

ಹಗಲಿನ ದೃಶ್ಯಗಳನ್ನು ಬೋರಾಲಿನಲ್ಲಿ ತೆಗೆದರು. ಒಳಮನೆಯ ರಾತ್ರಿಯ ದೃಶ್ಯಗಳನ್ನು ಸ್ಟುಡಿಯೋದಲ್ಲಿ ತೆಗೆದರು. ದುರ್ಗೆಯು ಜ್ವರದಲ್ಲಿ ಮಲಗಿರುವ ಆ ಬಿರುಗಾಳಿಯ ಇರುಳನ್ನು ನೋಡಿ ಯಾರು ಮರೆತಾರು? ಬಾಗಿಲ ಅಗುಳಿ ನಡುಗುತ್ತದೆ, ಕಿಟಕಿಯ ಬಟ್ಟೆ ಉಬ್ಬುತ್ತದೆ, ಗೂಡಿನಲ್ಲಿರುವ ಗಣಪತಿ ಅಲುಗಾಡುತ್ತಾನೆ. ತಾಯಿಯು ಏಕಾಂಗಿಯಾಗಿ ಬಾಗಿಲಿಗೆ ಪೆಟ್ಟಿಗೆಯನ್ನು ಒತ್ತಿ ನಿಲ್ಲುತ್ತಾಳೆ. ಹಗಲು ಕಂಡ ಮನೆಗೂ ಈ ರಾತ್ರಿಯ ಮನೆಗೂ ನಡುವೆ ಹೊಲಿಗೆಯು ಎಲ್ಲಿದೆಯೆಂದು ಹುಡುಕಿದರೂ ಸಿಕ್ಕುವುದಿಲ್ಲ. ಈ ಕೆಲಸವೂ ಒಂದೇ ಓಟದಲ್ಲಿ ಆದುದಲ್ಲ. ಹಣ ಮುಗಿದು ಚಿತ್ರಣವು ತಿಂಗಳುಗಟ್ಟಲೆ ನಿಂತಿತು. ರಾಯರು ವಿಮೆಯ ಪತ್ರವನ್ನೂ ಪತ್ನಿಯ ಒಡವೆಗಳನ್ನೂ ಒತ್ತೆಯಿಟ್ಟರು. ಕೊನೆಗೆ ಪಶ್ಚಿಮ ಬಂಗಾಳದ ಸರಕಾರವು ನೆರವಿಗೆ ಬಂದಿತು. ಆರಂಭವಾದ ಸುಮಾರು ಮೂರು ವರ್ಷಕ್ಕೆ, ೧೯೫೫ರಲ್ಲಿ, ಚಿತ್ರವು ಪೂರ್ತಿಯಾಯಿತು. ಇಷ್ಟು ಕಾಲವೂ ಮನೆಯು ಒಂದೇ ಮನೆಯಾಗಿ ಕಾಣಬೇಕಷ್ಟೆ!

ಎರಡನೆಯ ಚಿತ್ರವಾದ ‘ಅಪರಾಜಿತೊ’ ೧೯೫೬ರದು. ಇದರಲ್ಲಿ ನಡೆದ ಒಂದು ಪ್ರಸಂಗವು ನನ್ನ ದೃಷ್ಟಿಯಲ್ಲಿ ಚಂದ್ರಗುಪ್ತರ ಇಡೀ ಜೀವನದಲ್ಲಿಯೇ ಮುಖ್ಯವಾದುದು.

ಹರಿಹರನ ಸಂಸಾರವು ಹಳ್ಳಿಯನ್ನು ಬಿಟ್ಟು ಕಾಶಿಗೆ ಬಂದಿರುತ್ತದೆ. ಕಾಶಿಯ ಹಳೆಯ ಮನೆಗಳನ್ನು ನೋಡಿದವರಿಗೆ ಅವುಗಳ ರೀತಿ ಗೊತ್ತು: ನಡುವೆ ಇಕ್ಕಟ್ಟಾದ ಒಳಾಂಗಳ, ಸುತ್ತಲೂ ಎತ್ತರವಾದ ಗೋಡೆ, ಮೇಲೆ ಒಂದು ತುಂಡು ಆಕಾಶ. ಬಿಸಿಲು ನೇರವಾಗಿ ಕೆಳಗೆ ಬೀಳುವುದಿಲ್ಲ. ಬೆಳಕು ಮೇಲಿನಿಂದ ಸೋಸಿ ಇಳಿಯುತ್ತದೆ. ನೆಲದ ಮೇಲೆ ಯಾವ ವಸ್ತುವಿಗೂ ಗಟ್ಟಿಯಾದ ನೆರಳಿಲ್ಲ. ನಮ್ಮ ತೊಟ್ಟಿಮನೆಗಳಲ್ಲಿ ಮೋಡ ಮುಚ್ಚಿದ ದಿನ ತೊಟ್ಟಿಯ ಬಳಿ ಕುಳಿತರೆ ಇದೇ ಬೆಳಕನ್ನು ಕಾಣಬಹುದು. ಚಂದ್ರಗುಪ್ತರು ಈ ಒಳಾಂಗಳವನ್ನು ಬಯಲಿನಲ್ಲಿಯೇ ಕಟ್ಟಬೇಕೆಂದಿದ್ದರು. ಆಗ ಆಕಾಶವು ದೇವರು ಕೊಟ್ಟದ್ದೇ ದೊರೆಯುತ್ತಿತ್ತು. ಆದರೆ ಮಳೆಗಾಲವು ಎದುರಿಗೆ ನಿಂತಿತ್ತು. ಕಟ್ಟಿದ ಗೋಡೆ ಒಂದು ಜಡಿಮಳೆಗೆ ಕರಗಿಹೋದರೆ ಮತ್ತೆ ಕಟ್ಟಲು ಹಣವೆಲ್ಲಿ? ವಿಧಿಯಿಲ್ಲದೆ ಸೆಟ್ಟನ್ನು ಕಲಕತ್ತೆಯ ಸ್ಟುಡಿಯೋದ ಒಳಗೇ ಕಟ್ಟುವುದೆಂದು ತೀರ್ಮಾನಿಸಿದರು.

ಸುಬ್ರತ ಮಿತ್ರರು ಒಪ್ಪಲಿಲ್ಲ. ಸ್ಟುಡಿಯೋದ ದೀಪಗಳು ಬೀರುವುದು ಗಡುಸಾದ ಬೆಳಕು. ಹತ್ತು ದೀಪವಿಟ್ಟರೆ ಮನುಷ್ಯನಿಗೆ ಹತ್ತು ನೆರಳು. ನೆರಳಿಲ್ಲದ ಆಕಾಶದ ಬೆಳಕನ್ನು ಛಾವಣಿಯ ಕೆಳಗೆ ತರುವುದು ಅಸಾಧ್ಯವೆಂದು ರಾಯರೊಡನೆಯೂ ಚಂದ್ರಗುಪ್ತರೊಡನೆಯೂ ವಾದಿಸಿದರು. ವಾದದಲ್ಲಿ ಸೋತರು. ಸೋತ ಮೇಲೆ ಕೈಕಟ್ಟಿ ಕೂಡುವ ಸ್ವಭಾವ ಅವರದಲ್ಲ. ಅಂಗಳದ ಮೇಲೆ ಆಕಾಶವಿರಬೇಕಾದ ಕಡೆಯಲ್ಲಿ ಬಿಳಿಯ ಬಟ್ಟೆಯನ್ನು ಬಿಗಿದು ಕಟ್ಟಿಸಿದರು. ದೀಪಗಳನ್ನು ನಟರ ಕಡೆಗೆ ತಿರುಗಿಸದೆ ಕೆಳಗಿನಿಂದ ಆ ಬಟ್ಟೆಯ ಕಡೆಗೆ ತಿರುಗಿಸಿದರು. ಬೆಳಕು ಬಟ್ಟೆಗೆ ಬಡಿದು, ಮೆತ್ತಗಾಗಿ, ಎಲ್ಲೆಡೆಗೂ ಸಮನಾಗಿ ಹರಡಿ ಕೆಳಗೆ ಇಳಿಯಿತು. ಕಾಶಿಯ ಆಕಾಶವು ಸ್ಟುಡಿಯೋಕ್ಕೆ ಬಂದಿತು! ‘ಬೌನ್ಸ್ ಲೈಟಿಂಗ್’ ಎಂದು ಕರೆಯುವ ಈ ವಿಧಾನವೇ ಮುಂದೆ ಮಿತ್ರರ ಕೈಯ ಮುಖ್ಯ ಆಯುಧವಾಯಿತು. ಅವರಿಗೆ ಲೋಕಪ್ರಸಿದ್ಧಿಯನ್ನು ತಂದಿತು. ಕೀರ್ತಿಯು ಮಿತ್ರರದು, ಅದು ಅವರಿಗೇ ಸಲ್ಲಬೇಕು. ಆದರೆ ಕೆಳಗಿನ ಗೋಡೆಗಳು ಆ ಬೆಳಕನ್ನು ತಡೆದುಕೊಳ್ಳುವಷ್ಟು ನಿಜವಾಗಿರದಿದ್ದರೆ ಏನಾಗುತ್ತಿತ್ತು? ಮೃದುವಾದ ಬೆಳಕಿನಲ್ಲಿ ಕತ್ತಲೆಯ ಮೂಲೆಗಳಿಲ್ಲ. ಹುಳುಕನ್ನು ಬಚ್ಚಿಡಲು ಸ್ಥಳವೇ ಇಲ್ಲ. ಕಲ್ಲಿನ ಚಪ್ಪಡಿ, ಸವೆದ ಮೆಟ್ಟಿಲು, ತೇವದ ಗೆರೆ, ಎಲ್ಲವೂ ಬೆತ್ತಲೆಯಾಗಿ ನಿಲ್ಲುತ್ತವೆ. ನಿಂತವು. ಅದು ಕಟ್ಟಿದ ಮನೆಯೆಂದು ಹೇಳದಿದ್ದರೆ ನನಗಂತೂ ತಿಳಿಯುತ್ತಿರಲಿಲ್ಲ.

ಇಂತಹ ಗೋಡೆಯನ್ನು ಮಾಡುವ ಬಗೆಯನ್ನು ಸ್ವಲ್ಪ ಹೇಳುತ್ತೇನೆ. ಮೊದಲು ಮರದ ಚೌಕಟ್ಟು, ಅದಕ್ಕೆ ತೆಳುವಾದ ಹಲಗೆ ಅಥವಾ ಗೋಣಿಯ ಬಟ್ಟೆ, ಅದರ ಮೇಲೆ ಪ್ಲಾಸ್ಟರ್ ಆಫ್ ಪ್ಯಾರಿಸ್. ಇಟ್ಟಿಗೆ, ಕಂಬ, ಬೋದಿಗೆ ಮುಂತಾದವಕ್ಕೆ ಅಚ್ಚುಗಳನ್ನು ಮಾಡಿಕೊಳ್ಳುತ್ತಾರೆ. ಇಷ್ಟನ್ನು ಒಳ್ಳೆಯ ಬಡಗಿಯೂ ಗಾರೆಯವನೂ ಮಾಡಬಲ್ಲರು. ಕಲೆಯು ಆರಂಭವಾಗುವುದು ಇದರ ಮೇಲೆ. ಹೊಸ ಸುಣ್ಣವನ್ನು ಬಳಿದು, ಅದರ ಮೇಲೆ ಕೊಳೆನೀರನ್ನು ಹರಿಸಬೇಕು. ಮಾಡಿನ ನೀರು ಎಲ್ಲಿ ಸೋರುತ್ತಿತ್ತೆಂದು ಊಹಿಸಿ ಅಲ್ಲಿಯೇ ಹರಿಸಬೇಕು. ಚೌಕಟ್ಟಿನ ಅಂಚನ್ನು ಮರಳುಕಾಗದದಿಂದ ಉಜ್ಜಬೇಕು, ಆದರೆ ಕೈ ತಾಗುವ ಕಡೆಯಲ್ಲಿ ಮಾತ್ರ. ಮಸಿ, ಕಾವಿಮಣ್ಣು, ಚಹದ ಕಷಾಯ, ಇವೆಲ್ಲ ಇಲ್ಲಿ ಬಣ್ಣಗಳೇ. ಕಪ್ಪು ಬಿಳುಪಿನ ಚಿತ್ರದಲ್ಲಂತೂ ಇನ್ನೊಂದು ತೊಡಕು: ಕಣ್ಣಿಗೆ ಬೇರೆಬೇರೆಯಾಗಿ ಕಾಣುವ ಕೆಂಪೂ ಹಸಿರೂ ಪಟದಲ್ಲಿ ಒಂದೇ ಬೂದಿಬಣ್ಣವಾಗಿ ಬಿಡಬಹುದು. ಅಪ್ಪಟ ಬಿಳುಪು ಕಣ್ಣು ಕೋರೈಸುತ್ತದೆ. ಆದ್ದರಿಂದ ಬಿಳಿಯ ಬಟ್ಟೆಯನ್ನು ಚಹದ ನೀರಿನಲ್ಲಿ ಅದ್ದಿ ತೆಗೆಯುವುದುಂಟು. ಬಣ್ಣವನ್ನು ಬಣ್ಣವಾಗಿ ನೋಡದೆ ಬೂದಿಯ ಛಾಯೆಗಳಾಗಿ ನೋಡುವ ಅಭ್ಯಾಸವು ಈ ಕಸುಬಿನವರಿಗೆ ಬೇಕಾಗಿತ್ತು.

(ಈ ಮಾತು ಬಂದಾಗ ನನಗೆ ಇಂದಿನ ಟೆಲಿವಿಷನ್ ಧಾರಾವಾಹಿಗಳ ಮನೆಗಳು ನೆನಪಾಗುತ್ತವೆ. ಹತ್ತು ಮಂದಿಯ ಸಂಸಾರಕ್ಕೆ ಅಡುಗೆಯಾಗುವ ಒಲೆಯ ಹಿಂದಿನ ಗೋಡೆಯಲ್ಲಿ ಒಗ್ಗರಣೆಯ ಒಂದು ಹನಿಯೂ ಸಿಡಿದಿರುವುದಿಲ್ಲ. ಅಂತಹ ಅಡುಗೆಮನೆಯು ಯಾವ ಪುಣ್ಯವತಿಗೆ ದೊರೆತಿದೆಯೋ ತಿಳಿಯದು.)

೧೯೫೮ರ ‘ಜಲಸಾಘರ್’ ಬೇರೆ ಬಗೆಯ ಪರೀಕ್ಷೆ. ಸಂಗೀತದ ಮೋಹದಲ್ಲಿ ಆಸ್ತಿಯನ್ನೆಲ್ಲ ಕಳೆದುಕೊಂಡ ಜಮೀನುದಾರನ ಕಥೆಯದು. ತಾರಾಶಂಕರ ಬಂದ್ಯೋಪಾಧ್ಯಾಯರು ಬರೆದದ್ದು. ತಕ್ಕ ಅರಮನೆಗಾಗಿ ರಾಯರ ತಂಡವು ಅಲೆದಲೆದು, ಕೊನೆಗೆ ಚಹದ ಅಂಗಡಿಯೊಂದರಲ್ಲಿ ಸಿಕ್ಕಿದ ಮುದುಕನೊಬ್ಬನ ಮಾತನ್ನು ಕೇಳಿ, ಮುರ್ಶಿದಾಬಾದ್ ಜಿಲ್ಲೆಯಲ್ಲಿ ಪದ್ಮಾ ನದಿಯ ದಡದಲ್ಲಿರುವ ನಿಮ್‌ತಿತಾ ಎಂಬ ಊರಿಗೆ ಹೋಯಿತು. ಅಲ್ಲಿನ ಚೌಧುರಿಗಳ ಅರಮನೆ ಎಲ್ಲರಿಗೂ ಒಪ್ಪಿಗೆಯಾಯಿತು. ಲೇಖಕರಿಗೆ ತಿಳಿಸಿದರೆ, ಅದೇ ಮನೆತನದ ಜಮೀನುದಾರರೊಬ್ಬರನ್ನು ಮನಸ್ಸಿನಲ್ಲಿಟ್ಟುಕೊಂಡೇ ತಾವು ಕಥೆಯನ್ನು ಬರೆದುದೆಂದು ಅವರು ಹೇಳಿದರಂತೆ! ಅರಮನೆಯೇನೋ ಸಿಕ್ಕಿತು, ಆದರೆ ಅಲ್ಲಿದ್ದ ಸಂಗೀತದ ಕೋಣೆಯು ಕಥೆಯ ವೈಭವಕ್ಕೆ ಸಾಲದಾಯಿತು. ಆದ್ದರಿಂದ ಹೊರಗಿನ ಅರಮನೆ ನಿಮ್‌ತಿತೆಯದು, ಒಳಗಿನ ಜಲಸಾಘರವು ಕಲಕತ್ತೆಯ ಸ್ಟುಡಿಯೋದಲ್ಲಿ ಚಂದ್ರಗುಪ್ತರು ಕಟ್ಟಿದ್ದು. ತೂಗುದೀಪಗಳ ಗೊಂಚಲು, ಹಿರಿಯರ ಭಾವಚಿತ್ರಗಳು, ದೊಡ್ಡ ನಿಲುವುಗನ್ನಡಿ, ಬೇಗಂ ಅಖ್ತರರು ಹಾಡಿದ ಆ ಜಮಖಾನೆ. ಜಮೀನುದಾರನ ಚಿತ್ರದ ಮೇಲೆ ಜೇಡವೊಂದು ಹರಿದುಹೋಗುವುದನ್ನು ನೋಡಿದವರಿಗೆ ಮುಂದಿನ ಕಥೆಯನ್ನು ಹೇಳಬೇಕಾಗಿಲ್ಲ. ನಿಜವಾದ ಕೋಣೆಯು ಕಥೆಗೆ ಸಾಲದೆ ಕಟ್ಟಿದ ಕೋಣೆಯು ಸತ್ಯವಾದುದು, ಬೀದಿಯ ಸತ್ಯವೊಂದೇ ಸತ್ಯವೆಂದು ವಾದಿಸುವವರಿಗೆ ಒಂದು ಉತ್ತರ.

‘ಅಪುರ್ ಸಂಸಾರ್’ (೧೯೫೯) ಚಿತ್ರದ ಒಂದು ಕಿಟಕಿಯ ಪರದೆಯನ್ನು ಹೇಳದೆ ಮುಂದೆ ಹೋಗಲಾರೆ. ರೈಲು ಹಳಿಯ ಬದಿಯ ಮಾಳಿಗೆಯ ಕೋಣೆಯಲ್ಲಿ ಅಪು ಒಂಟಿಯಾಗಿದ್ದಾಗ ಕಿಟಕಿಗೆ ತೂತುಬಿದ್ದ ಹರಕು ಬಟ್ಟೆ. ಮದುವೆಯಾಗಿ ಬಂದ ಅಪರ್ಣೆ ಮೊದಲ ದಿನ ಆ ತೂತಿನಿಂದಲೇ ಹೊರಗೆ ನೋಡುತ್ತಾಳೆ, ಕಣ್ಣೀರು ಹಾಕುತ್ತಾಳೆ. ಕೆಲವು ದಿನ ಕಳೆದ ಮೇಲೆ ನೋಡಿದರೆ ಅಲ್ಲಿ ಹೊಸ ಪರದೆ. ಆಕೆ ಸಂಸಾರವನ್ನು ಒಪ್ಪಿಕೊಂಡಳೆಂದು ಯಾರೂ ಬಾಯಿಬಿಟ್ಟು ಹೇಳುವುದಿಲ್ಲ.

೧೯೬೩ರ ‘ಮಹಾನಗರ್’ ಚಿತ್ರದಲ್ಲಿ ಕಲಕತ್ತೆಯ ಮಧ್ಯಮ ವರ್ಗದವರ ಇಕ್ಕಟ್ಟಾದ ಬಾಡಿಗೆಮನೆ: ಅತ್ತೆ, ಮಾವ, ನಾದಿನಿ, ಮಗು, ಗಂಡ ಹೆಂಡತಿ, ಎಲ್ಲರೂ ಒಬ್ಬರನ್ನೊಬ್ಬರು ಒರಸಿಕೊಂಡೇ ಓಡಾಡಬೇಕು. ಮರುವರ್ಷದ ‘ಚಾರುಲತಾ’ದಲ್ಲಿ ಅದಕ್ಕೆ ತದ್ವಿರುದ್ಧ. ರವೀಂದ್ರನಾಥ ಠಾಕೂರರ ‘ನಷ್ಟನೀಡ’ದ ಕಥೆ, ಕಾಲ ೧೮೭೯, ಶ್ರೀಮಂತ ಭೂಪತಿಯ ವಿಶಾಲವಾದ ಮನೆ. ಒಳಮನೆಯನ್ನು ಸ್ಟುಡಿಯೋದಲ್ಲಿ ಕಟ್ಟಿದರು. ಗೋಡೆಗೆ ವಿಕ್ಟೋರಿಯಾ ಕಾಲದ ಬಳ್ಳಿಹೂವಿನ ಕಾಗದ, ಭಾರವಾದ ಮಂಚ ಮೇಜುಗಳು, ಉದ್ದನೆಯ ಜಗಲಿ, ಹಲಗೆಪಟ್ಟಿಯ ಕಿಟಕಿಗಳು. ಚಿತ್ರ ಆರಂಭವಾಗುತ್ತಲೇ ಚಾರು ಕೈಯಲ್ಲಿ ಚಿಕ್ಕ ದುರ್ಬೀನನ್ನು ಹಿಡಿದು ಒಂದು ಕಿಟಕಿಯಿಂದ ಇನ್ನೊಂದಕ್ಕೆ ಓಡುತ್ತಾಳೆ. ಬೀದಿಯಲ್ಲಿ ಹೋಗುವವರನ್ನು ಹಲಗೆಗಳ ಸಂದಿಯಿಂದ ನೋಡುತ್ತಾಳೆ. ಮಾತಿಲ್ಲ. ಗಂಡನು ಪುಸ್ತಕ ಹಿಡಿದುಕೊಂಡು ಪಕ್ಕದಲ್ಲಿಯೇ ಹಾದುಹೋದರೂ ಆಕೆಯನ್ನು ಕಾಣುವುದಿಲ್ಲ. ಮಹಾನಗರದ ಮನೆಯಲ್ಲಿ ಉಸಿರಾಡಲು ಸ್ಥಳವಿಲ್ಲ, ಆದರೂ ಅಲ್ಲಿ ಒಬ್ಬರಿಗೊಬ್ಬರಿದ್ದಾರೆ. ಇಲ್ಲಿ ಕೋಣೆಯ ಮೇಲೆ ಕೋಣೆ, ಮಾತನಾಡಿಸುವವರಿಲ್ಲ. ಎರಡು ಮನೆಗಳನ್ನೂ ಯೋಚಿಸಿ ಕಟ್ಟಿದ ಕೈ ಒಂದೇ. ‘ನಾಯಕ್’ (೧೯೬೬) ಚಿತ್ರದಲ್ಲಂತೂ ಕಥೆಯ ಬಹುಭಾಗ ಕಲಕತ್ತೆಯಿಂದ ದೆಹಲಿಗೆ ಹೋಗುವ ರೈಲಿನಲ್ಲಿ ನಡೆಯುತ್ತದೆ. ಆ ರೈಲಿನ ಡಬ್ಬಿಗಳೂ ಸ್ಟುಡಿಯೋದಲ್ಲಿ ಕಟ್ಟಿದವೇ. ನೋಡುತ್ತಿರುವಾಗ ನಾವೂ ಪ್ರಯಾಣ ಮಾಡುತ್ತಿರುತ್ತೇವೆ.

ಇಷ್ಟೆಲ್ಲ ಕಟ್ಟಿದ್ದು ಎಲ್ಲಿ ಉಳಿಯಿತು? ಚಿತ್ರಣ ಮುಗಿದ ಮರುದಿನವೇ ಸೆಟ್ಟನ್ನು ಬಿಚ್ಚುವುದು ಸ್ಟುಡಿಯೋಗಳ ಪದ್ಧತಿ. ಮತ್ತೊಬ್ಬರಿಗೆ ಸ್ಥಳ ಬೇಕಾಗಿರುತ್ತದೆ. ಹಲಗೆ ಮೊಳೆಗಳು ಇನ್ನೊಂದು ಮನೆಗೆ ಹೋಗುತ್ತವೆ. ಬರೆದವನಿಗೆ ಪುಸ್ತಕ ಉಳಿಯುತ್ತದೆ, ಶಿಲ್ಪಿಗೆ ಕಲ್ಲು ಉಳಿಯುತ್ತದೆ. ಇವರಿಗೆ ಉಳಿಯುವುದು ಬೇರೆಯವರ ಹೆಸರಿನಲ್ಲಿ ಓಡುವ ಪಟದ ಸುರುಳಿ.

೧೯೭೦ರ ಸುಮಾರಿಗೆ ಚಂದ್ರಗುಪ್ತರು ಬೊಂಬಾಯಿಗೆ ಹೋದರು. ಕಲಕತ್ತೆಯ ಚಿತ್ರೋದ್ಯಮವು ಆಗ ಸೊರಗುತ್ತಿತ್ತು. ರಾಯರ ಚಿತ್ರಗಳ ಕಲಾನಿರ್ದೇಶನವು ಅಶೋಕ ಬೋಸರ ಕೈಗೆ ಬಂದಿತು. ಬೊಂಬಾಯಿಯಲ್ಲಿ ಚಂದ್ರಗುಪ್ತರು ಎರಡು ಬಗೆಯ ಕೆಲಸಗಳನ್ನು ಮಾಡಿದರು. ಒಂದು, ದೊಡ್ಡ ಮಾರುಕಟ್ಟೆಯ ಹಿಂದಿ ಚಿತ್ರಗಳು. ಇನ್ನೊಂದು, ಹೊಸ ಹಾದಿಯನ್ನು ತುಳಿಯುತ್ತಿದ್ದ ತರುಣರ ಚಿತ್ರಗಳು. ಅವತಾರ ಕೌಲರ ‘೨೭ ಡೌನ್’ (೧೯೭೪) ಇಂತಹುದು. ಇದೂ ರೈಲಿನ ಕಥೆಯೇ. ಆದರೆ ‘ನಾಯಕ್’ ಚಿತ್ರಕ್ಕೆ ರೈಲನ್ನೇ ಕಟ್ಟಿದವರು ಇಲ್ಲಿ ನಿಜವಾದ ರೈಲುಗಳ, ನಿಲ್ದಾಣಗಳ, ಜನಜಂಗುಳಿಯ ನಡುವೆ ಕೆಲಸಮಾಡಿದರು. ೧೯೭೭ರಲ್ಲಿ ರಾಯರು ಮೊದಲ ಸಲ ಹಿಂದಿಯಲ್ಲಿ, ಪ್ರೇಮಚಂದರ ಕಥೆಯನ್ನಾಧರಿಸಿ, ‘ಶತರಂಜ್ ಕೆ ಖಿಲಾಡಿ’ಯನ್ನು ತೆಗೆದಾಗ ಹಳೆಯ ಮಿತ್ರನು ಮತ್ತೆ ಜೊತೆಗೂಡಿದನು. ೧೮೫೬ರ ಲಖನೌ, ವಾಜಿದ್ ಅಲಿ ಷಾಹನ ಆಸ್ಥಾನ, ನವಾಬರ ಹಜಾರಗಳು, ಅದೂ ವರ್ಣದಲ್ಲಿ. ಹತ್ತಿಪ್ಪತ್ತು ವರ್ಷ ಬೂದಿಯ ಛಾಯೆಗಳಲ್ಲಿ ಯೋಚಿಸಿದ ಕಣ್ಣಿಗೆ ಈ ಬಣ್ಣಗಳ ಹಬ್ಬವು ಒಂದು ಬಿಡುವಿನಂತೆ ಇದ್ದಿರಬೇಕು.

ಬಹುಮಾನಗಳ ವಿಷಯವನ್ನು ಸಂಕೋಚದಿಂದಲೇ ಹೇಳಬೇಕಾಗಿದೆ. ಕಲಾನಿರ್ದೇಶನಕ್ಕಾಗಿ ಚಂದ್ರಗುಪ್ತರಿಗೆ ಮೂರು ಸಲ ಫಿಲ್ಮ್‌ಫೇರ್ ಪಾರಿತೋಷಕ ದೊರೆಯಿತು: ‘ಸೀಮಾ’, ‘ದೋ ಝೂಟ್’, ‘ಚಕ್ರ’ ಎಂಬ ಹಿಂದಿ ಚಿತ್ರಗಳಿಗೆ. ಇವುಗಳಲ್ಲಿ ಮೊದಲಿನ ಎರಡನ್ನು ಇಂದು ಜ್ಞಾಪಿಸಿಕೊಳ್ಳುವವರೇ ವಿರಳ. ‘ಚಾರುಲತಾ’ದ ಕಾಗದದ ಗೋಡೆಗಳನ್ನೂ ಕಾಶಿಯ ಅಂಗಳವನ್ನೂ ಕಟ್ಟಿದವರನ್ನು ಬೊಂಬಾಯಿಯು ಗುರುತಿಸಿದ್ದು ಹೀಗೆ. ಇದೇ ಪಾರಿತೋಷಕವು ನಮ್ಮ ಮೈಸೂರಿನವರಾದ ಎಂ. ಎಸ್. ಸತ್ಯು ಅವರಿಗೆ ‘ಹಕೀಕತ್’ (೧೯೬೪) ಚಿತ್ರದ ಕಲಾನಿರ್ದೇಶನಕ್ಕಾಗಿ ದೊರೆತಿತ್ತೆಂಬುದನ್ನು ಕನ್ನಡಿಗರು ತಿಳಿದಿರಬೇಕು. ಸತ್ಯು ಅವರನ್ನು ‘ಗರ್ಮ್ ಹವಾ’ದ ನಿರ್ದೇಶಕರೆಂದು ಬಲ್ಲವರೂ ಅವರು ಈ ಕಸುಬಿನಿಂದ ಬಂದವರೆಂಬುದನ್ನು ಮರೆಯುತ್ತಾರೆ.

೧೯೮೧ ಚಂದ್ರಗುಪ್ತರ ಕೊನೆಯ ವರ್ಷ. ಆ ವರ್ಷ ತೆರೆಗೆ ಬಂದ ಅವರ ಎರಡು ಕೆಲಸಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡಬೇಕು. ರವೀಂದ್ರ ಧರ್ಮರಾಜರ ‘ಚಕ್ರ’ ಬೊಂಬಾಯಿಯ ಕೊಳೆಗೇರಿಯ ಕಥೆ; ತಗಡು, ಗೋಣಿ, ಮುರಿದ ಹಲಗೆಗಳ ಗೂಡುಗಳು. ಅಪರ್ಣಾ ಸೇನ್ ಅವರ ‘೩೬ ಚೌರಂಗೀ ಲೇನ್’ ಕಲಕತ್ತೆಯ ವೃದ್ಧೆ ಆಂಗ್ಲೋ ಇಂಡಿಯನ್ ಉಪಾಧ್ಯಾಯಿನಿಯ ಕಥೆ. ವಯೊಲೆಟ್ ಸ್ಟೋನ್‌ಹ್ಯಾಮ್ ಎಂಬ ಆಕೆ ಷೇಕ್ಸ್‌ಪಿಯರನ ನಾಟಕಗಳನ್ನು ಪಾಠ ಹೇಳುತ್ತ, ಸರ್ ಟೋಬಿ ಎಂಬ ಬೆಕ್ಕಿನೊಡನೆ ಒಂಟಿಯಾಗಿ ಬಾಳುತ್ತಾಳೆ. ಜೆನಿಫರ್ ಕೆಂಡಾಲರ ಅಭಿನಯವನ್ನು ಹೊಗಳದವರಿಲ್ಲ. ಆಕೆಯ ಕೋಣೆಗಳನ್ನೂ ಒಮ್ಮೆ ನೋಡಬೇಕು: ಸತ್ತವರ ಭಾವಚಿತ್ರಗಳು, ಹಳೆಯ ಗ್ರಾಮಾಫೋನು, ಮೂಲೆಗಳಲ್ಲಿ ನಿಂತ ಸಂಜೆ. ಬಂಧುಗಳೆಲ್ಲ ದೂರವಾಗಿ, ಯಾರೂ ಬಾರದ ಮನೆಯಲ್ಲಿ ಸಾಮಾನುಗಳು ತಮ್ಮ ತಮ್ಮ ಸ್ಥಳಗಳನ್ನು ಬಿಟ್ಟು ಕದಲುವುದೇ ಇಲ್ಲವಷ್ಟೆ. ಹಾಗಿದೆ ಆ ಮನೆ.

‘ಪಥೇರ್ ಪಾಂಚಾಲಿ’ಯು ಎಲ್ಲಕ್ಕಿಂತ ಮೊದಲು, ೧೯೫೫ರ ಮೇ ತಿಂಗಳಲ್ಲಿ, ಪ್ರದರ್ಶಿತವಾದುದು ನ್ಯೂಯಾರ್ಕ್ ನಗರದ ಆಧುನಿಕ ಕಲೆಯ ವಸ್ತುಸಂಗ್ರಹಾಲಯದಲ್ಲಿ, ಕಲಕತ್ತೆಯವರು ಅದನ್ನು ಕಂಡದ್ದು ಆಗಸ್ಟಿನಲ್ಲಿ. ಇಪ್ಪತ್ತಾರು ವರ್ಷಗಳ ಬಳಿಕ, ೧೯೮೧ರ ಜೂನ್ ತಿಂಗಳಲ್ಲಿ, ಚಂದ್ರಗುಪ್ತರು ಅಮೆರಿಕಕ್ಕೆ ಹೋಗಿದ್ದಾಗ ಅದೇ ನ್ಯೂಯಾರ್ಕ್ ಸಂಸ್ಥಾನದಲ್ಲಿ ಹೃದಯಾಘಾತದಿಂದ ತೀರಿಕೊಂಡರು. ಆಗ ಅವರಿಗೆ ಐವತ್ತೇಳು ವರ್ಷ. ‘ಚಕ್ರ’ ಚಿತ್ರದ ಪಾರಿತೋಷಕವನ್ನು ಮರುವರ್ಷ ಘೋಷಿಸಿದಾಗ ಅದನ್ನು ತೆಗೆದುಕೊಳ್ಳಲು ಅವರಿರಲಿಲ್ಲ.